ಗೋಡೆಯಾಚೆಯ ಶಾಖಭತ್ಯೆ

ದೊಡ್ಡಾಸ್ಪತ್ರೆಯ ಲಾಂಡ್ರಿಯಲ್ಲಿ ಎಲ್ಲರಿಗೂ ಅಕ್ಕನಾಗಿದ್ದವಳು ಮೂವತ್ತೊಂದು ವರ್ಷ ಒಗೆದು ಮಡಿಸಿದ ಬೆಡ್‌ಶೀಟುಗಳನ್ನು ಒಂದಕ್ಕೊಂದು ಗಂಟು ಹಾಕಿದ್ದರೆ ಚಂದ್ರನಿಗೆ ಏಳು ಸುತ್ತು ಸುತ್ತಿ, ಮಿಕ್ಕಿದ್ದರಲ್ಲಿ ಸೂರ್ಯನಿಗೊಂದು ಪರದೆ ಕಟ್ಟಬಹುದಿತ್ತು. ಕಲೆ ನೋಡಿದರೆ ಸಾಕು, ಯಾವ ವಾರ್ಡು, ಯಾವ ಮಂಚ, ರೋಗಿ ಇನ್ನೆಷ್ಟು ದಿನಕ್ಕೆ ಮನೆಗೆ ಹೋಗುತ್ತಾನೆ ಎಂದು ಹೇಳಿಬಿಡುತ್ತಿದ್ದಳು. ಡಾಕ್ಟರುಗಳು ಕದ್ದುಮುಚ್ಚಿ ಬಂದು ಕೇಳಿಕೊಂಡು ಹೋಗುತ್ತಿದ್ದರು. ಕೆಲಸದಲ್ಲಿದ್ದಷ್ಟು ದಿನ ಒಂದು ತುಂಡು ಸೋಪನ್ನೂ ಅವಳು ಮನೆಗೆ ತಂದವಳಲ್ಲ.

ಅಂಥವಳ ಮನೆಗೆ, ನಿವೃತ್ತಿಯಾದ ಹದಿನಾಲ್ಕನೇ ತಿಂಗಳಿಗೆ, ಆಸ್ಪತ್ರೆಯಿಂದ ಒಂದು ಕಾಗದ ಬಂತು. ಬಾಯ್ಲರ್ ಮನೆಯಲ್ಲಿ ಬೇಯುವವರಿಗೆಂದು ಕೊಡುವ ಶಾಖಭತ್ಯೆಯನ್ನು, ಬಟ್ಟೆ ಮಡಿಸುವ ಕೋಣೆಗೆ ವರ್ಗವಾದ ಮೇಲೂ ಒಂಬತ್ತು ವರ್ಷ ತಪ್ಪಾಗಿ ಪಡೆದಿದ್ದೀರಿ. ಒಟ್ಟು ಎರಡು ಲಕ್ಷ ಹದಿನಾರು ಸಾವಿರವನ್ನು ಪಿಂಚಣಿಯಲ್ಲಿ ಮುರಿದುಕೊಳ್ಳಲಾಗುವುದು ಎಂದಿತ್ತು. ಜೊತೆಗೊಂದು ಒಪ್ಪಿಗೆ ಪತ್ರ. ಅದರಲ್ಲಿ, 'ನನಗೆ ಸಲ್ಲತಕ್ಕದ್ದಲ್ಲವೆಂದು ತಿಳಿದೂ ಪಡೆದಿರುತ್ತೇನೆ' ಎಂಬ ಸಾಲು.

ಗಂಡ ಕನ್ನಡಕ ಹಾಕಿಕೊಂಡು ಎರಡು ಸಲ ಓದಿದ. "ಎರಡು ಲಕ್ಷ! ಎಲ್ಲಿ ಬಚ್ಚಿಟ್ಟಿದ್ದೀಯೇ? ನನಗೊಂದು ಹಲ್ಲಿನ ಸೆಟ್ಟು ಕೊಡಿಸೋಕೆ ನಾಲ್ಕು ವರ್ಷ ಸತಾಯಿಸಿದೆ!"

"ನಿಮ್ಮ ಹೊಟ್ಟೇಲೇ ಇಟ್ಟಿದ್ದೀನಿ, ತಡಕಿ ನೋಡ್ಕೊಳ್ಳಿ," ಎಂದಳು ಅಕ್ಕ. ಅವಳಿಗೆ ದುಡ್ಡಿಗಿಂತ ಆ 'ತಿಳಿದೂ' ಎನ್ನುವ ಮಾತೇ ಹೆಚ್ಚು ಚುಚ್ಚಿತ್ತು. ಆದರೂ ಎದೆಗುಂದಲಿಲ್ಲ. "ನಮ್ಮ ತಮ್ಮ ಇದ್ದಾನಲ್ಲ. ಅವನು ಒಂದು ಮಾತು ಹೇಳಿದ್ರೆ ಮುಗೀತು."

ತಮ್ಮ ಎಂದರೆ ಒಡಹುಟ್ಟಿದವನಲ್ಲ, ಆಸ್ಪತ್ರೆಯ ಸಂಬಳದ ಗುಮಾಸ್ತ. ಇಪ್ಪತ್ತೆರಡು ವರ್ಷ ಅವಳ ಊಟದ ಡಬ್ಬಿಯ ಅರ್ಧವನ್ನು ಉಂಡವನು. ಆ ಲೆಕ್ಕದಲ್ಲಿ ಅವನ ಮೈಯಲ್ಲಿ ಬಲಗೈ ಬಲಗಾಲು ಪೂರ್ತಿ ಅಕ್ಕನವೇ. ಮಡಿಸುವ ಕೋಣೆಗೆ ವರ್ಗವಾದ ಮೊದಲ ತಿಂಗಳೇ ಅಕ್ಕ ಸಂಬಳದ ಚೀಟಿ ಹಿಡಿದು ಅವನ ಮೇಜಿಗೆ ಹೋಗಿದ್ದಳು. "ತಮ್ಮಾ, ಈಗ ನಾನು ಬಾಯ್ಲರ್ ಹತ್ರ ಇಲ್ಲ. ಶಾಖದ ದುಡ್ಡು ಯಾಕೆ ಬಂತು?"

ಅವನು ನಕ್ಕಿದ್ದ. "ನಿನ್ನ ಕೋಣೆಗೂ ಬಾಯ್ಲರಿಗೂ ನಡುವೆ ಇರೋದು ಒಂದೇ ಗೋಡೆ ಅಕ್ಕ. ಶಾಖ ಶಾಖಾನೇ. ರೂಲ್ಸ್ ನೋಡಿದ್ದೀನಿ, ನಿಂದೇ ಅದು. ಸುಮ್ನೆ ಹೋಗು."

ಅದೇನೂ ಸುಳ್ಳಲ್ಲ. ಆ ಗೋಡೆಗೆ ಒರಗಿ ಮಲಗಿದ ಬೆಕ್ಕು ಇಸ್ತ್ರಿಯಾಗಿ ಏಳುತ್ತಿತ್ತು. ಅಕ್ಕ ನಂಬಿದಳು.

ಮರುದಿನ ಹತ್ತು ಗಂಟೆಗೆ ಅಕ್ಕ ಲೆಕ್ಕಾಧಿಕಾರಿಯ ಕೋಣೆಯಲ್ಲಿದ್ದಳು. ಅಧಿಕಾರಿ ಹೊಸಬಳು, ಅಕ್ಕನ ಮಗಳ ವಯಸ್ಸಿನವಳು. ಎಲ್ಲ ಕೇಳಿ ಹೇಳಿದಳು: "ನೀವು ಆಗಲೇ ಕೇಳಿದ್ರಿ, ಆಫೀಸೇ ಸರಿ ಇದೆ ಅಂತು ಅಂತಾದ್ರೆ, ನಿಮ್ಮಿಂದ ಒಂದು ಕಾಸೂ ಹಿಡಿಯೋ ಹಾಗಿಲ್ಲಮ್ಮ. ಅವರು ಹೌದು ಅಂದ್ರೆ ಈಗಲೇ ಫೈಲ್ ಮುಚ್ತೀನಿ." ಗುಮಾಸ್ತನನ್ನು ಕರೆಸಿದಳು.

ಅವನು ಬಂದು ಬಾಗಿಲ ಬಳಿಯೇ ನಿಂತ. ಅಕ್ಕನ ಮುಖ ಅರಳಿತು. "ಹೇಳಪ್ಪಾ, ಆವತ್ತು ನಾನು ಕೇಳಿದ್ದು."

ಅವನು ಫ್ಯಾನು ನೋಡಿದ, ಕ್ಯಾಲೆಂಡರ್ ನೋಡಿದ. "ನನಗೇನೂ ನೆನಪಿಲ್ಲ ಮೇಡಂ," ಎಂದ. ಆಮೇಲೆ ಅಕ್ಕನ ಕಡೆ ತಿರುಗದೆಯೇ, "ನೀವು ಬೇರೆ ಯಾರನ್ನೋ ಕೇಳಿರಬೇಕಮ್ಮ."

ಅಕ್ಕನಿಗೆ ಮೊದಲು ಅರ್ಥವೇ ಆಗಲಿಲ್ಲ. ತನ್ನ ಹಿಂದೆ ಇನ್ಯಾರೋ ನಿಂತಿರಬೇಕು, ಅವರಿಗೆ ಹೇಳುತ್ತಿದ್ದಾನೆ ಎಂದು ತಿರುಗಿ ನೋಡಿದಳು. ಅಲ್ಲಿ ಕಬ್ಬಿಣದ ಬೀರು ಇತ್ತು.

ಎದ್ದು ಹೊರಬಂದಳು. ಕಾರಿಡಾರಿನ ತುದಿಯಲ್ಲಿ ಅವನು ಹಿಂದೆಯೇ ಓಡಿಬಂದ.

"ಅಕ್ಕಾ, ನಿಲ್ಲು. ಮುಂದಿನ ತಿಂಗಳು ನಂದೂ ರಿಟೈರ್‌ಮೆಂಟು. ಹೌದು ಅಂದಿದ್ರೆ ಪೂರ್ತಿ ನನ್ನ ತಲೆಗೆ ಕಟ್ತಿದ್ರು. ಅರ್ಧ ನಾನು ಕೊಡ್ತೀನಿ. ತಿಂಗಳು ತಿಂಗಳು, ಯಾರಿಗೂ ಗೊತ್ತಾಗದ ಹಾಗೆ."

"ಹಾಗಾದ್ರೆ ನೆನಪಿದೆ."

ಅವನು ತಲೆ ತಗ್ಗಿಸಿದ. "ಇದೆ ಅಕ್ಕ."

"ನಿನ್ನ ಅರ್ಧ ನೀನೇ ಇಟ್ಕೋ. ಬಾ ಒಳಗೆ, ಈಗ ಹೇಳಿದ್ದನ್ನೇ ಅಲ್ಲಿ ಹೇಳು. ದುಡ್ಡು ಪೂರ್ತಿ ನಾನೇ ಕಟ್ತೀನಿ ಬೇಕಾದ್ರೆ. ನಾನು ಕೇಳಿದ್ದೆ ಅನ್ನೋದೊಂದು ಹೇಳು."

"ಅದೊಂದು ಮಾತ್ರ ಕೇಳಬೇಡ ಅಕ್ಕ."

"ಇಷ್ಟು ವರ್ಷದಲ್ಲಿ ನಿನ್ನ ಹತ್ರ ನಾನು ಕೇಳಿರೋದೇ ಅದೊಂದು ಕಣೋ."

ಅವನು ಅಲ್ಲಾಡಲಿಲ್ಲ. ಅಕ್ಕ ಒಬ್ಬಳೇ ಒಳಗೆ ಹೋಗಿ ಕುಳಿತಳು. "ಮೇಡಂ, ಅವನಿಗೆ ನೆನಪಿದೆ. ಈಗ ತಾನೇ ನನ್ನ ಹತ್ರ ಅಂದ. ಕರೆದು ಕೇಳಿ."

ಅಧಿಕಾರಿ ತಾನೇ ಎದ್ದು ಬಾಗಿಲು ತೆರೆದಳು. ಕಾರಿಡಾರು ಖಾಲಿ. ಮೆಟ್ಟಿಲ ಮೇಲೆ ಚಪ್ಪಲಿಯ ಸದ್ದು. ಮಂಡಿನೋವೆಂದು ಮೂರು ವರ್ಷ ಅಕ್ಕನಿಂದ ಬಿಸಿ ಟವೆಲ್ ಕಟ್ಟಿಸಿಕೊಂಡಿದ್ದ ಮನುಷ್ಯ ಎರಡೆರಡು ಮೆಟ್ಟಿಲು ಹಾರಿ ಇಳಿಯುತ್ತಿದ್ದ.

ಅಧಿಕಾರಿ ಮರಳಿ ಬಂದು ಕುಳಿತಳು. "ನಾನು ನಿಮ್ಮನ್ನ ನಂಬ್ತೀನಮ್ಮ. ಆದ್ರೆ ಫೈಲಿಗೆ ನನ್ನ ನಂಬಿಕೆ ಸಾಲದು."

"ತಿಂಗಳಿಗೆ ಎಷ್ಟು ಹಿಡೀತಾರೆ?"

"ಪಿಂಚಣಿಯಲ್ಲಿ ಮೂರನೇ ಒಂದು ಪಾಲು."

ಅಕ್ಕ ಒಪ್ಪಿಗೆ ಪತ್ರವನ್ನು ಮೇಜಿನ ಮೇಲೆ ಹರಡಿ, ಅಂಗೈಯಿಂದ ಸುಕ್ಕು ಸವರಿ, ಅಂಚಿಗೆ ಅಂಚು ಕೂಡಿಸಿ ನಾಲ್ಕಾಗಿ ಮಡಿಸಿದಳು.

"ಸೈನ್ ಹಾಕಲ್ಲ," ಎಂದಳು.

"ಹಾಕದಿದ್ರೂ ಹಿಡೀತಾರಮ್ಮ."

"ಹಿಡೀಲಿ, ಮೇಡಂ. ತಿಳಿದೂ ಅಂತ ಬರೆದುಕೊಡೋದಿದ್ರೆ ಅವನು ಬರೆದುಕೊಡಲಿ. ತಿಳಿದೂ ಇಲ್ಲ ಅಂದಿದ್ದು ಅವನು."