ಆರು ತಿಂಗಳ ಅರ್ಜಿ

"ಇದು ನಿಮ್ಮ ಕೈಬರಹ ತಾನೇ?" ಎನ್ನುತ್ತ ಪ್ರೊಫೆಸರು ಅರ್ಜಿಯನ್ನು ವಿಭಾಗದ ಮುಖ್ಯಸ್ಥೆಯ ಮೇಜಿನ ಮೇಲೆ ಇಟ್ಟರು. ಅರ್ಜಿಯ ಮೂಲೆಯಲ್ಲಿ ಕೆಂಪು ಶಾಯಿಯಲ್ಲಿ 'ಸಾಧ್ಯವಿಲ್ಲ' ಎಂದಿತ್ತು. ಕೆಳಗೆ ಸಹಿ, ತಾರೀಖು.

ಮುಖ್ಯಸ್ಥೆ ಕನ್ನಡಕ ತೆಗೆದಳು. "ನನಗೆ 'ನಿಮ್ಮ' ಅಂದ್ರಿ ಅಂದ್ರೆ ಸಿಟ್ಟು ನೆತ್ತಿಗೇರಿದೆ ಅಂತ ಅರ್ಥ. ಕೂತ್ಕೊಳ್ಳಿ ಮೇಡಂ."

ಪ್ರೊಫೆಸರು ಕೂರಲಿಲ್ಲ. ಮೂವತ್ತನಾಲ್ಕು ವರ್ಷಗಳಿಂದ ಅವರು ಇದೇ ಕಟ್ಟಡದಲ್ಲಿ ಗಣಿತ ಕಲಿಸುತ್ತಿದ್ದರು. ಅವರು ಬಂದಾಗ ಹೆಂಗಸರ ಶೌಚಾಲಯಕ್ಕೆ ಎರಡು ಮಹಡಿ ಇಳಿದು ಹೋಗಬೇಕಿತ್ತು. ಆಮೇಲೆ ಒಬ್ಬೊಬ್ಬರೇ ಹುಡುಗಿಯರು ಅವರನ್ನು ಹುಡುಕಿಕೊಂಡು ಬಂದರು. ಸಹೋದ್ಯೋಗಿಗಳು ಅವರ ಕೋಣೆಗೆ 'ತವರುಮನೆ' ಎಂದು ಹೆಸರಿಟ್ಟು ನಗುತ್ತಿದ್ದರು. ಏಳು ಜನ ಅವರ ಕೈಕೆಳಗೆ ಡಾಕ್ಟರೇಟ್ ಮುಗಿಸಿದ್ದರು. ನಡುವೆ ಬಿಟ್ಟುಹೋದವರನ್ನು ಅವರು ಎಣಿಸಿರಲಿಲ್ಲ. ಆದರೆ ಯಾರು ಪ್ರಬಂಧದ ಎಷ್ಟನೇ ಪುಟದಲ್ಲಿ ನಿಂತರು ಎನ್ನುವುದು ಮರೆತಿರಲಿಲ್ಲ.

ಆ ಏಳರಲ್ಲಿ ಮೊದಲನೆಯವಳೇ ಈಗ ಎದುರಿನ ಕುರ್ಚಿಯಲ್ಲಿದ್ದಳು. ಅವಳ ನೇಮಕಾತಿಗಾಗಿ ಪ್ರೊಫೆಸರು ಮೂರು ವರ್ಷ ಸಮಿತಿಗಳ ಜೊತೆ ಜಗಳವಾಡಿದ್ದರು. ಆ ಮೂರು ವರ್ಷದಲ್ಲಿ ಅವರ ಸ್ವಂತದ್ದೊಂದು ಲೇಖನವೂ ಅಚ್ಚಾಗಲಿಲ್ಲ. ಅರ್ಜಿ ಎಂಟನೆಯವಳದು. ನಾಲ್ಕು ತಿಂಗಳ ಕೂಸಿದೆ, ಪ್ರಬಂಧ ಮುಗಿಸಲು ಇನ್ನೂ ಆರು ತಿಂಗಳು ಬೇಕು ಎಂದು ಕೇಳಿಕೊಂಡಿದ್ದಳು.

"ಹುಡುಗಿ ಚುರುಕು. ಮೂರನೇ ಅಧ್ಯಾಯ ಅರ್ಧ ಆಗಿದೆ. ಆರು ತಿಂಗಳು ಕೊಟ್ರೆ ನಿನ್ನ ಗಂಟೇನು ಹೋಗುತ್ತೆ?"

"ಕೊಟ್ರೆ ಸಮಿತಿಯವರು ಏನಂತಾರೆ ಗೊತ್ತಲ್ಲ? 'ಹೆಣ್ಣುಮಕ್ಕಳನ್ನ ತಗೊಂಡ್ರೆ ಇದೇ ಹಣೆಬರಹ' ಅಂತಾರೆ. ಮುಂದಿನ ವರ್ಷ ಇರೋ ಎರಡು ಸೀಟಿಗೂ ಹುಡುಗರನ್ನೇ ತಗೋತಾರೆ. ಇದು ನನ್ನ ಮಾತಲ್ಲ ಮೇಡಂ. ನೀವೇ ನನಗೆ ಹೇಳಿದ್ದು."

"ನಾನಾ? ಯಾವಾಗ?"

"ಆಸ್ಪತ್ರೇಲಿ. ಮಗಳು ಹುಟ್ಟಿ ಮೂರು ದಿನ ಆಗಿತ್ತು. ಹಣ್ಣು ತಂದಿದ್ರಿ. 'ಈಗ ನೀನು ನಿಂತ್ರೆ ನಿನ್ನ ಹಿಂದೆ ಬರೋರೆಲ್ಲ ನಿಂತುಬಿಡ್ತಾರೆ' ಅಂದ್ರಿ. ನಾನು ನಿಲ್ಲಲಿಲ್ಲ. ಇಪ್ಪತ್ತೆರಡನೇ ದಿನಕ್ಕೆ ಸೆಮಿನಾರ್ ಕೊಟ್ಟೆ."

ಅಷ್ಟು ಸಿಟ್ಟಿನಲ್ಲೂ ಪ್ರೊಫೆಸರ ಮುಖ ಅರಳಿತು. ಆ ಸೆಮಿನಾರಿನ ಕಥೆಯನ್ನು ಅವರು ಪ್ರತಿ ವರ್ಷ ಹೊಸ ಹುಡುಗಿಯರಿಗೆ ಹೇಳುತ್ತಿದ್ದರು. ಈಗಲೂ ಅದೇ ಮಾತುಗಳು ಬಾಯಿಗೆ ಬಂದವು. "ಟಿಪ್ಪಣಿ ಪುಸ್ತಕ ಎದೆಗೆ ಅವಚಿಕೊಂಡು ನಿಂತವಳು ನಲವತ್ತು ನಿಮಿಷ ಅದನ್ನ ತೆರೆಯಲೇ ಇಲ್ಲ ಕಣ್ರೇ! ಒಂದು ಕೈಲಿ ಪುಸ್ತಕ, ಒಂದು ಕೈಲಿ ಸೀಮೆಸುಣ್ಣ. ಪ್ರಮೇಯದ ಸಾಧನೆ ಪೂರ್ತಿ ತಲೇಲೇ ಇತ್ತು!"

"ಆ ಪುಸ್ತಕ ಯಾಕೆ ಹಾಗೆ ಹಿಡ್ಕೊಂಡಿದ್ದೆ ಅಂತ ಒಂದು ದಿನವಾದ್ರೂ ಕೇಳಿದ್ರಾ?" ಮುಖ್ಯಸ್ಥೆ ಕನ್ನಡಕವನ್ನು ಮಡಚಿ ಪಕ್ಕಕ್ಕಿಟ್ಟಳು. "ಹಾಲು ಸೋರಿ ಬಟ್ಟೆಯೆಲ್ಲ ಒದ್ದೆ ಆಗಿತ್ತು ಮೇಡಂ. ಮಗು ಕೆಳಗೆ, ಕಾವಲುಗಾರನ ಹೆಂಡ್ತಿ ಹತ್ರ ಇತ್ತು. ಮುಂದಿನ ಸಾಲಲ್ಲಿ ಗಂಡಸರು ಹನ್ನೊಂದು ಜನ. ಪುಸ್ತಕ ತೆಗೆಯೋ ಹಾಗಿರಲಿಲ್ಲ."

ಪ್ರೊಫೆಸರು ಕುರ್ಚಿ ಎಳೆದುಕೊಂಡು ಕೂತರು. ತಮಗೆ ಮಗ ಹುಟ್ಟಿದಾಗ ಅವರೂ ತಿಂಗಳಿಗೇ ಕೆಲಸಕ್ಕೆ ಮರಳಿದ್ದರು. ಆದರೆ ಮನೆಯಲ್ಲಿ ಅತ್ತೆ ಇದ್ದರು. ಮೀಯಿಸಿ, ಉಣಿಸಿ, ಶಾಲೆಗೆ ಸೇರಿಸುವ ತನಕ ಮಗು ಅತ್ತೆಯ ಮಡಿಲಲ್ಲೇ ಬೆಳೆಯಿತು. ಅತ್ತೆಯ ವಿಷಯವನ್ನು ಪ್ರೊಫೆಸರು ಯಾವ ಹುಡುಗಿಗೂ ಹೇಳಿರಲಿಲ್ಲ. ಮುಚ್ಚಿಟ್ಟದ್ದಲ್ಲ, ನೆನಪೇ ಆಗಿರಲಿಲ್ಲ.

"ಆಗ ನಾನು ಹೇಳಿದ್ದು ತಪ್ಪು," ಎಂದರು.

"ಹದಿನೆಂಟು ವರ್ಷ ಆದ್ಮೇಲೆ ಹೇಳ್ತಿದ್ದೀರಿ." ಮುಖ್ಯಸ್ಥೆಯ ದನಿ ಏರಲಿಲ್ಲ. "ಅದೇ ಸರಿ ಅಂದ್ಕೊಂಡು ನಾನು ಬದುಕಿಯಾಯ್ತು. ಈಗ ಅವಳಿಗೆ ಆರು ತಿಂಗಳು ಬರೆದುಕೊಟ್ರೆ, ಆವತ್ತು ನಾನು ಹಾಗೆ ನಿಂತಿದ್ದು ಯಾಕೆ? ನೀವೇ ಹೇಳಿ."

ಪ್ರೊಫೆಸರು ಅರ್ಜಿ ಎತ್ತಿಕೊಂಡು ಎದ್ದರು. "ನಾನು ಡೀನ್ ಹತ್ರ ಹೋಗ್ತೀನಿ."

"ಹೋಗಿ."

ಡೀನ್ ಕಚೇರಿಯ ಗುಮಾಸ್ತ ಅರ್ಜಿಯನ್ನು ತಿರುಗಿಸಿ ನೋಡಿ ಹಿಂದಕ್ಕೆ ತಳ್ಳಿದ. "ಮುಖ್ಯಸ್ಥರ ಒಪ್ಪಿಗೆ ಇಲ್ಲದೆ ನಾವು ತಗೊಳ್ಳೋ ಹಾಗಿಲ್ಲ. ನಿಯಮ ನಿಮಗೆ ಗೊತ್ತಲ್ಲ ಮೇಡಂ."

ಗೊತ್ತಿತ್ತು. ತಮಗೆ ಬೇಕಾದವರಿಗೆ ಹಿಂಬಾಗಿಲಿನಿಂದ ಹೆಚ್ಚಿನ ಅವಧಿ ಕೊಡಿಸುವವರನ್ನು ತಡೆಯಬೇಕೆಂದು ಹತ್ತು ವರ್ಷದ ಹಿಂದೆ ಹಟ ಹಿಡಿದು ಆ ನಿಯಮ ಮಾಡಿಸಿದ್ದವರೇ ಅವರು. ಅರ್ಜಿಯನ್ನು ಮುಖ್ಯಸ್ಥೆಯ ಟಪಾಲು ತಟ್ಟೆಯಲ್ಲಿ ಹಾಕಿ ಮನೆಗೆ ಹೋದರು.

ಮರುದಿನ ಬೆಳಗ್ಗೆ ಅದು ಅವರ ಮೇಜಿನ ಮೇಲಿತ್ತು. 'ಸಾಧ್ಯವಿಲ್ಲ' ಎನ್ನುವುದಕ್ಕೆ ಗೀಟು ಬಿದ್ದಿತ್ತು. 'ಆರು' ಹೊಡೆದುಹಾಕಿ ಮೇಲೆ 'ಮೂರು' ಎಂದು ಬರೆದು ಸಹಿ ಮಾಡಿತ್ತು. ಬೇರೆ ಒಂದಕ್ಷರವೂ ಇರಲಿಲ್ಲ. ಪ್ರೊಫೆಸರು ಮುಖ್ಯಸ್ಥೆಯ ಕೋಣೆಯ ತನಕ ಹೋದರು, ಮುಚ್ಚಿದ ಬಾಗಿಲು ತಟ್ಟಲು ಕೈ ಎತ್ತಿದರು. ತಟ್ಟದೆ ಹಿಂದಿರುಗಿ ಹುಡುಗಿಗೆ ಫೋನ್ ಮಾಡಿದರು.

"ಮೂರು ತಿಂಗಳಾ? ಸಾಕು ಮೇಡಂ. ತುಂಬಾ ಉಪಕಾರ ಆಯ್ತು."

"ಸಾಕು ಅನ್ನಬೇಡ!" ದನಿ ತಾವಂದುಕೊಂಡದ್ದಕ್ಕಿಂತ ಗಡುಸಾಗಿ ಬಂತು. "ಸಾಲದು. ಸಾಲದು ಅಂತಲೇ ಬರೆದುಕೊಡು. ಮತ್ತೆ ಕೇಳೋಣ."

"ಬೇಡ ಮೇಡಂ, ಇದ್ದದ್ದೂ ಹೋದೀತು..." ಅಷ್ಟರಲ್ಲಿ ಕೂಸು ಅಳತೊಡಗಿತು. "ಒಂದ್ನಿಮಿಷ ಮೇಡಂ," ಎಂದವಳು ಫೋನನ್ನು ಎಲ್ಲೋ ಇಟ್ಟುಬಿಟ್ಟಳು.

ಹತ್ತು ಗಂಟೆಯಾಯಿತು. ತರಗತಿಯಿಂದ ಒಬ್ಬಳು ಬಂದು ಬಾಗಿಲಲ್ಲಿ ಇಣುಕಿದಳು. "ಮೇಡಂ, ಎಲ್ಲರೂ ಕಾಯ್ತಿದ್ದಾರೆ."

ಪ್ರೊಫೆಸರು ಸುಮ್ಮನಿರು ಎನ್ನುವಂತೆ ಕೈ ತೋರಿದರು. ಫೋನಿನ ಆ ಕಡೆ ನಲ್ಲಿ ನಿಂತ ಸದ್ದು, ಕುರ್ಚಿ ಎಳೆದ ಸದ್ದು. ಅಳು ಬಿಕ್ಕುಗಳಾಗಿ ಒಡೆಯಿತು, ಬಿಕ್ಕುಗಳೂ ವಿರಳವಾಗುತ್ತ ಬಂದವು. ಕರೆಯಲು ಬಂದವಳು ಬಾಗಿಲಲ್ಲೇ ನಿಂತಿದ್ದಳು. ಪ್ರೊಫೆಸರು ಫೋನನ್ನು ಕಿವಿಗೆ ಇನ್ನಷ್ಟು ಒತ್ತಿಹಿಡಿದರು.