ಸಂಸದರ ಮುಯ್ಯಿ

ಸಂಸದ ಗುರುಪುತ್ರಪ್ಪನವರಿಗೆ ಬೆಳಗಾವಿಯ ರಾಮತೀರ್ಥ ನಗರದಲ್ಲಿ ಮನೆ, ದಿಲ್ಲಿಯಲ್ಲಿ ಬಂಗಲೆ, ಹೋದಲ್ಲೆಲ್ಲ ಹೂವಿನ ಹಾರ. ಹೆಸರು ಹಿಡಿದು ಕರೆಯುವವರು ಮಾತ್ರ ಯಾರೂ ಇಲ್ಲ. ಹೆಂಡತಿ ಕೂಡ ಮಂದಿಯ ಮುಂದೆ ‘ಸಾಹೇಬ್ರು’ ಅನ್ನುತ್ತಾಳೆ. ಪಾಪ, ಅವಳದೇನು ತಪ್ಪು?

ಖಾನಾಪುರ ತಾಲೂಕಿನಲ್ಲಿ, ನಂದಗಡದ ಆಚೆ, ಅವರ ಭತ್ತದ ಗದ್ದೆ. ಬಾಜು ಗದ್ದೆ ತಮ್ಮಣ್ಣನದು. ಮೀಸೆ ಮೂಡುವ ಮೊದಲಿನಿಂದ ಇಬ್ಬರದೂ ಮುಯ್ಯಿ. ಇವನ ಕೊಯ್ಲಿಗೆ ಅವನು, ಅವನ ಕೊಯ್ಲಿಗೆ ಇವನು, ಮನೆಮಂದಿಯನ್ನೆಲ್ಲ ಕಟ್ಟಿಕೊಂಡು ಬರಬೇಕು. ಕೂಲಿಯ ಮಾತೇ ಇಲ್ಲ. ಯಾವಾಗಲೂ ಒಬ್ಬರ ಮೇಲೆ ಒಂದಿಷ್ಟು ದುಡಿಮೆಯ ಬಾಕಿ ಉಳಿದೇ ಇರುತ್ತಿತ್ತು. ಪೂರ್ತಿ ತೀರಿಸಿದರೆ ಸಂಬಂಧ ಹರಿದುಕೊಂಡ ಹಾಗೆ.

ಹೋದ ವರ್ಷ ಕೊಯ್ಲಿನ ಹೊತ್ತಿಗೇ ಅಧಿವೇಶನ ಬಂತು. ಗುರುಪುತ್ರಪ್ಪನವರು ದಿಲ್ಲಿಯಿಂದಲೇ ಫೋನ್ ಮಾಡಿ, ತಮ್ಮ ಬದಲಿಗೆ ಯಂತ್ರ ಕಳಿಸಿದರು. ಅದು ತಮ್ಮಣ್ಣನ ಗದ್ದೆ ಕೊಯ್ದು, ಹಾಗೇ ಇವರದನ್ನೂ ಬೋಳಿಸಿ ಹೋಯಿತು. ದೊಡ್ಡ ಉಪಕಾರ ಮಾಡಿದೆನೆಂದು ಸಂಸದರು ಬೀಗಿದ್ದೇ ಬೀಗಿದ್ದು. ತಮ್ಮಣ್ಣ ಬೈಯದೆ ಬಿಟ್ಟಾಗಲೇ ಇವರಿಗೆ ತಿಳಿಯಬೇಕಿತ್ತು.

ಈ ಸಲ ತಮ್ಮ ಗದ್ದೆಯ ಕೊಯ್ಲಿಗೆ ಇವರೇ ಬಂದರು. ಹಿಂದಿನಂತೆ ತಮ್ಮಣ್ಣ ಒಮ್ಮೆ ‘ಗುರ್ಯಾ’ ಅಂದರೆ ಸಾಕು, ಬೇರೇನೂ ಬೇಡವಾಗಿತ್ತು. ಹೇಳಿಕಳಿಸಿದ್ದಕ್ಕೆ ತಮ್ಮಣ್ಣ ಓಣಿಯನ್ನೇ ಕರೆತಂದಿದ್ದ. ಎಲ್ಲರ ಕೈಯಲ್ಲೂ ಕುಡುಗೋಲು ಕಂಡು ಸಂಸದರಿಗೆ ಕಣ್ಣು ತುಂಬಿ ಬಂತು.

ತಮ್ಮಣ್ಣನ ಹೆಂಡತಿ ರೇಣವ್ವ ಬದುವಿನ ಮೇಲೆ ಕುರ್ಚಿ ಹಾಕಿಸಿದಳು. “ಕುಂದರ್ರಿ ಸಾಹೇಬ್ರ. ಕೈ ಗಿಯ್ ಕೊಯ್ಕೊಂಡೀರಿ.”

“ಏ, ನಾ ಏನ್ ಹೊಸಬನೇನವಾ?” ಎಂದು ಧೋತರ ಎತ್ತಿಕಟ್ಟಿ ಸಾಲು ಹಿಡಿದರು. ಇವರು ಇಳಿದದ್ದೇ ತಡ, ಹೆಂಗಸರ ಹರಟೆ ನಿಂತುಹೋಯಿತು. ಸ್ವಲ್ಪ ಹೊತ್ತಿಗೆ ಸೊಂಟ ಹಿಡಿಯಿತು, ಸಾಲು ಹಿಂದೆ ಬಿತ್ತು. ಹಿಂದೆ ಬಿದ್ದವನನ್ನು ಬೈದು, ಆಡಿಕೊಂಡು, ಅಳುವಂತೆ ಮಾಡುವುದು ಗದ್ದೆಯ ರೂಢಿ. ಇವರನ್ನು ಯಾರೂ ಬೈಯಲಿಲ್ಲ. ಪಕ್ಕದವರು ತುಟಿ ಬಿಚ್ಚದೆ ಇವರ ಪಾಲನ್ನೂ ಕೊಯ್ದುಬಿಟ್ಟರು.

ಸಂಜೆ ಕೊಯ್ಲು ಮುಗಿಯಿತು. ಗುರುಪುತ್ರಪ್ಪ ಉಮೇದಿನಿಂದ ಕೇಳಿದರು, “ತಮ್ಮಾ, ನಿನ್ನ ಗದ್ದಿ ಯಾವತ್ತೋ? ನಾ ಬರ್ತೀನಿ.”

“ನಮ್ದು ಮೊನ್ನೇನ ಮುಗೀತ್ರಿ.”

“ನನಗ್ಯಾಕ ಹೇಳ್ಲಿಲ್ಲೋ?”

“ಹೋದ ವರ್ಷ ನಿಮ್ಮ ಮಿಷನ್ ಕೊಯ್ದದ್ದರ ಋಣ ನಮ್ಮ ಮ್ಯಾಲ ಇತ್ರಿ. ಇವತ್ತ ತೀರಿಸೀವಿ. ಇನ್ನ ನಿಮಗೂ ನಮಗೂ ಏನೂ ಬಾಕಿ ಇಲ್ರಿ.”

ಸಿಟ್ಟಿನಿಂದ ಅಂದಿದ್ದರೆ ಜಗಳವಾಡಬಹುದಿತ್ತು, ಜಗಳವಾಡಿ ಅಪ್ಪಿಕೊಳ್ಳಬಹುದಿತ್ತು. ತಮ್ಮಣ್ಣ ಹಾಗೆ ಮಾಡಲಿಲ್ಲ. ಮತ ಕೇಳಲು ಬಂದವರಿಗೆ ಮುಗಿಯುವಂತೆ ಎರಡೂ ಕೈ ಮುಗಿದು ನಡೆದ. ಉಳಿದವರೂ ಹಿಂದೆಯೇ ಹೋದರು. ಹಳ್ಳ ದಾಟಿದ ಮೇಲೆ ಯಾರೋ ಯಾರನ್ನೋ ಬೈದರು, ಎಲ್ಲರೂ ಗೊಳ್ಳೆಂದು ನಕ್ಕರು. ಗುರುಪುತ್ರಪ್ಪ ಕೊಯ್ದ ಗದ್ದೆಯಲ್ಲಿ ಒಬ್ಬರೇ ನಿಂತು ಅದನ್ನು ಕೇಳಿಸಿಕೊಂಡರು.