ನಾಲ್ಕನೇ ಬದಿಯ ಕೆಮ್ಮು

ಬಂದರು ಊರು ಸ್ಯಾನ್ ಪೀಡ್ರೋದ ನಮ್ಮ ಮೂವರ ಪಂಕ್ ಸಂಗೀತದ ತಂಡಕ್ಕೆ ಎರಡು ಗ್ರಾಮಫೋನ್ ತಟ್ಟೆಯ ಆಲ್ಬಮ್ ಮಾಡುವ ಹುಚ್ಚು ಹಿಡಿಸಿದವನು ನೀಕೋ. ಗಿಟಾರೂ ಅವನದೇ, ಹಾಡೂ ಅವನದೇ. ನಾನು ಡ್ರಮ್ಸ್. ಒಂದೊಂದು ನಿಮಿಷದ ಹಾಡುಗಳಿಗೆ ನಾಲ್ಕು ಬದಿ ಯಾವ ಕರ್ಮಕ್ಕೆ ಎಂದು ರೇಗಿದ್ದಕ್ಕೆ, "ಅಪ್ಪ ಇರೋವಾಗ್ಲೇ ಇರೋದೆಲ್ಲ ಹಾಡ್ಬಿಡ್ಬೇಕು ಲಾಲೋ," ಎಂದ.

ಅವನಪ್ಪ ಆಂಟೆ ಮರೂಸಿಚ್ ಹಡಗು ಕಟ್ಟುವ ಕಾರ್ಖಾನೆಯಲ್ಲಿ ಜೀವನವಿಡೀ ಕಲ್ನಾರಿನ ಧೂಳು ಕುಡಿದವರು. ಈಗ ಶ್ವಾಸಕೋಶ ಕೈಕೊಟ್ಟಿತ್ತು. ನಾವು ರೆಕಾರ್ಡ್ ಮಾಡುತ್ತಿದ್ದುದು ಅವರ ಗ್ಯಾರೇಜಿನಲ್ಲೇ. ಬಾಗಿಲ ಬಳಿ ಕುರ್ಚಿ ಹಾಕಿಕೊಂಡು, "ಇದೂ ಮುಗೀತಾ? ನಾನಿನ್ನೂ ಕಾಲು ಚಾಚಿರ್ಲಿಲ್ವಲ್ರೋ," ಎಂದು ಕಿಚಾಯಿಸುವರು.

ಹೊಸ ಟೇಪು ಕೊಳ್ಳುವ ಯೋಗ್ಯತೆ ನಮಗಿರಲಿಲ್ಲ. ನುಡಿಸಿದ್ದು ಕೆಟ್ಟರೆ ಟೇಪು ಹಿಂದಕ್ಕೆ ಸುತ್ತಿ ಅದರ ಮೇಲೆಯೇ ಮತ್ತೆ ನುಡಿಸುವುದು. ಹಳೆಯದು ಅಳಿಸಿಹೋಗುತ್ತದೆ.

ಕೊನೆಯ ಹಾಡು ಅಪ್ಪ ದುಡಿದ ಕಾರ್ಖಾನೆಯ ಮೇಲೆ ನೀಕೋ ಬರೆದದ್ದು. ಅರ್ಧದಲ್ಲಿ ಆಂಟೆಗೆ ಕೆಮ್ಮು ಹತ್ತಿತು, ಹಾಡು ಮುಗಿದರೂ ನಿಲ್ಲಲಿಲ್ಲ. ರೆಕಾರ್ಡಿಂಗ್ ಮಷೀನು ನಿಲ್ಲಿಸಲು ಯಾರಿಗೂ ನೆನಪಾಗಲಿಲ್ಲ.

"ಹಾಳು ಮಾಡ್ಬಿಟ್ನಲ್ಲೋ ಮಗಾ. ಅಳಿಸ್ಹಾಕು."

"ಇರ್ಲಿ ಬಿಡಪ್ಪ," ಎಂದ ನೀಕೋ. "ನೀನಿರೋದೇ ಚೆನ್ನಾಗಿದೆ."

"ಏನ್ ಚೆನ್ನಾಗಿದೆ? ಆ ಕಾರ್ಖಾನೆ ನನ್ನ ಎದೆ ತಿಂದಿದ್ದು ಸಾಲ್ದಾ? ನಿನ್ನ ಹಾಡೂ ತಿನ್ಬೇಕಾ?"

ಆಮ್ಲಜನಕದ ಸಿಲಿಂಡರ್ ಎಳೆದುಕೊಂಡು ಹೋಗಿ ಹೊರಗೆ ತಮ್ಮ ಟ್ರಕ್ಕಿನಲ್ಲಿ ಗಾಜು ಏರಿಸಿ ಕೂತರು. ಕೆಮ್ಮು ಒಳಗೆ ಕೇಳಿಸಬಾರದಂತೆ. ನೀಕೋ ಟೇಪು ಹಿಂದಕ್ಕೆ ಸುತ್ತಿದ. ಆ ಕಾರ್ಖಾನೆಯ ಮೇಲಿನ ಸಿಟ್ಟಿನಲ್ಲಿ ನಾನು ಡ್ರಮ್ಸನ್ನು ಓಡಿಸಿದೆ, ಉಳಿದಿಬ್ಬರೂ ನನ್ನ ಹಿಂದೆ ಓಡಿದರು. ಎರಡನೇ ಸಲ ಎಂದರೆ ನಮ್ಮದು ಯಾವಾಗಲೂ ಹೀಗೆಯೇ, ವೇಗ ಜಾಸ್ತಿ. ಮುಗಿದ ತಕ್ಷಣ ಬೇಸ್ ಗಿಟಾರಿನ ರಸ್ ಮಷೀನು ಆರಿಸಿದ.

ಆ ತಿಂಗಳು ಕಳೆಯುವ ಮೊದಲೇ ಆಂಟೆ ತೀರಿಕೊಂಡರು.

ಮಣ್ಣು ಮಾಡಿ ಬಂದ ಮೇಲೆ ಒಂದು ಮಧ್ಯಾಹ್ನ ನಾಲ್ಕನೇ ಬದಿಯ ಟೇಪನ್ನು ಕೇಳುತ್ತ ಕೂತೆವು. ಕೊನೆಯ ಹಾಡು ನಿಂತಿತು. ನಿಂತಲ್ಲಿಂದಲೇ ಹಳೆಯ ಹಾಡಿನ ಕೊನೆಯ ಚೂರು, ಅದರ ಜೊತೆಗೇ ಕೆಮ್ಮು ಶುರುವಾಯಿತು. ನಾವು ಬೇಗ ಮುಗಿಸಿದ್ದರಿಂದ ಹಳೆಯದರ ಬಾಲ ಅಳಿಸದೆ ಉಳಿದುಬಿಟ್ಟಿತ್ತು. ಅಳಿಸ್ಹಾಕು ಎಂದದ್ದು, ನೀನಿರೋದೇ ಚೆನ್ನಾಗಿದೆ ಎಂದದ್ದು, ಎದೆ ತಿಂದದ್ದು ಸಾಲ್ದಾ ಎಂದದ್ದು, ಎಲ್ಲವೂ. ನಾನು ಗಂಡಸಲ್ಲವೆಂಬಂತೆ ಅತ್ತೆ, ನಾಚಿಕೆಯೇನಿಲ್ಲ.

ರಸ್ ಮೆಲ್ಲಗೆ, "ಕತ್ತರಿಸ್ಲಾ?" ಎಂದ.

"ಮುಟ್ಟಿದ್ರೆ ಕೈ ಮುರೀತೀನಿ," ಎಂದ ನೀಕೋ.

ಆಲ್ಬಮ್ ಹಾಗೆಯೇ ಹೊರಬಂತು. ಆಂಟೆಯ ಜೊತೆ ದುಡಿದ ಮುದುಕರು ಅದನ್ನು ಕೇಳಲು ಗ್ಯಾರೇಜಿಗೆ ಬಂದರು. ನಮ್ಮ ಗದ್ದಲವನ್ನು ಹಲ್ಲುಕಚ್ಚಿ ಸಹಿಸಿದರು. ಕೊನೆಯಲ್ಲಿ ಆಂಟೆಯ ಕೆಮ್ಮು ಕೇಳಿದಾಗ ಅವರಲ್ಲೊಬ್ಬರಿಗೂ ಕೆಮ್ಮು ಬಂತು. ಬಾಯಿಗೆ ಕೈ ಅಡ್ಡ ಹಿಡಿದು ಹೊರಗೆ ಹೋಗಲು ಎದ್ದರು.

ನೀಕೋ ಅವರ ಭುಜ ಹಿಡಿದು ಅಪ್ಪನ ಕುರ್ಚಿಯಲ್ಲಿ ಕೂರಿಸಿದ.

"ಇಲ್ಲೇ ಕೆಮ್ಮಿ," ಎಂದ.